ಮರಳು ಕಲಿಸಿದ ನಾದಸಿದ್ಧಾಂತ

ನಾದದಿಂದಲೇ ವಸ್ತುಗಳು ರೂಪ ತಳೆಯುವ ಒಂದು ಕಲ್ಪಿತ ಲೋಕವನ್ನು ಕಾದಂಬರಿಗಾಗಿ ಕಟ್ಟಲು ಹೊರಟಾಗ ನನ್ನ ಬಳಿ ಇದ್ದದ್ದು ಮಂತ್ರಗಳ ಒಂದು ಪಟ್ಟಿ ಮಾತ್ರ. ಇಂಥ ಶಬ್ದಕ್ಕೆ ಗೋಡೆ ಏಳುತ್ತದೆ, ಇಂಥದ್ದಕ್ಕೆ ನದಿ ತಿರುಗುತ್ತದೆ ಎಂದು ಬರೆಯುತ್ತಾ ಹೋದೆ. ಶಬ್ದತತ್ತ್ವವೇ ಜಗತ್ತಾಗಿ ತೋರಿಕೊಳ್ಳುತ್ತದೆ ಎಂಬ ಪ್ರಾಚೀನ ವೈಯಾಕರಣ ಭರ್ತೃಹರಿಯ ವಿಚಾರ ಬೆನ್ನಿಗಿದೆಯೆಂಬ ಧೈರ್ಯವೂ ಇತ್ತು. ಮೂರು ಅಧ್ಯಾಯ ಮುಗಿಯುವಷ್ಟರಲ್ಲಿ ಕಥೆ ಉಸಿರು ಕಳೆದುಕೊಂಡಿತು. ಶಬ್ದ ಗೊತ್ತಿದ್ದವರಿಗೆ ಎಲ್ಲವೂ ಸಾಧ್ಯವಿದ್ದುದರಿಂದ ಯಾವ ಪಾತ್ರಕ್ಕೂ ಯಾವ ಕಷ್ಟವೂ ಉಳಿದಿರಲಿಲ್ಲ. ದರ್ಶನವು ಜಗತ್ತಿನ ಮೂಲವನ್ನು ಹೇಳಬಲ್ಲದು. ಆದರೆ ಒಂದು ಮಡಕೆಯ ಬಾಯಿ ಏಕೆ ಸೊಟ್ಟಗಾಯಿತು ಎಂದು ಹೇಳುವುದು ಅದರ ಕೆಲಸವಲ್ಲ. ನನಗೆ ಬೇಕಾಗಿದ್ದದ್ದು ಆ ಸೊಟ್ಟ ಬಾಯಿಯ ಕಾರಣ.

ಅದಕ್ಕಾಗಿ, ಜರ್ಮನಿಯ ಭೌತವಿಜ್ಞಾನಿ ಅರ್ನ್ಸ್ಟ್ ಕ್ಲಾಡ್ನಿ 1787ರಲ್ಲಿ ಪ್ರಕಟಿಸಿದ, ಕಂಪಿಸುವ ತಗಡಿನ ಮೇಲೆ ಮರಳು ಚಿತ್ರಗಳಾಗಿ ಕೂಡುವ ಪ್ರಯೋಗವನ್ನು ಮನೆಯಲ್ಲೇ ಮಾಡಿನೋಡಲು ನಿರ್ಧರಿಸಿದೆ. ಒಂದು ಮಿಲಿಮೀಟರ್ ದಪ್ಪದ, 24 ಸೆಂಟಿಮೀಟರ್ ಚದರದ ಅಲ್ಯೂಮಿನಿಯಂ ತಗಡನ್ನು ಕತ್ತರಿಸಿಕೊಂಡು, ನಟ್ಟನಡುವೆ ರಂಧ್ರ ಕೊರೆಸಿ, ಮರದ ಕಂಬದ ಮೇಲೆ ಒಂದೇ ಸ್ಕ್ರೂವಿನಿಂದ ಬಿಗಿದೆ. ಪಿಟೀಲಿನ ಹಳೆಯ ಕಮಾನಿಗೆ ರಾಳ ಉಜ್ಜಿ, ತಗಡಿನ ಮೇಲೆ ಮರಳಿನ ಬದಲು ಚಿರೋಟಿ ರವೆಯನ್ನು ತೆಳುವಾಗಿ ಉದುರಿಸಿ, ಅಂಚಿಗೆ ಕಮಾನನ್ನು ನೆಟ್ಟಗೆ ಹಿಡಿದು ಎಳೆದೆ. ಮೊದಮೊದಲು ಕರ್ಕಶವಾದ ಸದ್ದಷ್ಟೇ ಬರುತ್ತಿತ್ತು. ಕೈ ಹದಕ್ಕೆ ಬಂದ ಮೇಲೆ ತಗಡು ಒಂದೇ ಶ್ರುತಿಯಲ್ಲಿ ನಿಂತು ಹಾಡಿತು, ರವೆ ಕುಣಿಯಿತು, ಮತ್ತು ಮೂರು ನಾಲ್ಕು ಎಳೆತಗಳಲ್ಲಿ ಹರಡಿದ್ದ ಕಾಳೆಲ್ಲ ಸರಿದು ಸ್ಪಷ್ಟವಾದ ಗೆರೆಗಳಾಗಿ ಕೂತಿತು.

ನಾನು ಬಹಳ ಹೊತ್ತು ನೋಡಿದ್ದು ಆ ಗೆರೆಗಳನ್ನಲ್ಲ, ಖಾಲಿಯಾದ ಜಾಗಗಳನ್ನು. ತಗಡು ಅತಿ ಹೆಚ್ಚು ಕಂಪಿಸುವ ಕಡೆಯಿಂದ ರವೆ ಓಡಿಹೋಗುತ್ತಿತ್ತು. ತಗಡು ಅಲುಗದೆ ಇರುವ ನಿಸ್ಪಂದ ರೇಖೆಗಳಲ್ಲಿ ಮಾತ್ರ ಅದಕ್ಕೆ ನೆಲೆಯಿತ್ತು. ಅಂದರೆ ಆಕಾರವು ಕೂಡಿಕೊಳ್ಳುವುದು ನಾದ ತಲುಪದ ಜಾಗದಲ್ಲಿ. ಅಂದೇ ನನ್ನ ಲೋಕದ ಮೊದಲ ನಿಯಮವನ್ನು ತಿರುಗಿಸಿ ಬರೆದೆ: ವಸ್ತುವೆಂಬುದು ನಾದದೊಳಗಿನ ಮೌನದಲ್ಲಿ ನಿಂತದ್ದು. ಇದನ್ನು ನಿಸ್ಪಂದ ಸಿದ್ಧಾಂತ ಎಂದು ಕರೆದೆ, ಮಂತ್ರಗಳ ಪಟ್ಟಿಯನ್ನು ಹರಿದುಹಾಕಿದೆ.

ಎರಡನೆಯ ನಿಯಮವೂ ತಗಡಿನಿಂದಲೇ ಬಂತು. ಅಂಚಿನ ಒಂದು ಬಿಂದುವನ್ನು ಬೆರಳಿನಿಂದ ಮುಟ್ಟಿ ಹಿಡಿದು ಕಮಾನು ಎಳೆದರೆ, ಮುಟ್ಟಿದ ಬಿಂದುವು ಅಲುಗಲಾರದ್ದರಿಂದ ಒಂದು ರೇಖೆ ಅಲ್ಲಿಂದಲೇ ಹಾದುಹೋಗುತ್ತದೆ. ಬೆರಳನ್ನು ಎರಡಂಗುಲ ಸರಿಸಿದರೆ ಇಡೀ ಚಿತ್ರವೇ ಬೇರೆ. ಆದ್ದರಿಂದ ನನ್ನ ಕಥೆಯ ಕುಂಬಾರಿಕೆ ಇಬ್ಬರ ಕಸುಬಾಯಿತು. ಒಬ್ಬಳು ಹಾಡುತ್ತಾಳೆ, ಇನ್ನೊಬ್ಬಳು ಬಾಯಿ ತೆರೆಯದೆ ಕೈಯಿಟ್ಟು ನಿಲ್ಲುತ್ತಾಳೆ, ಮತ್ತು ಆಕಾರವನ್ನು ನಿರ್ಧರಿಸುವವಳು ಈ ಮೌನಿಯೇ. ಮೌನಿಯ ಕೈ ನಡುಗಿದಾಗ ಮಡಕೆಯ ಬಾಯಿ ಸೊಟ್ಟಗಾಗುತ್ತದೆ.

ಅಳತೆಯ ಪ್ರಶ್ನೆ ನನ್ನನ್ನು ತುಂಬ ಕಾಡಿತು. ಹಾಡಿ ಬೆಟ್ಟವನ್ನು ಎಬ್ಬಿಸಬಹುದೇ? ನನ್ನ ತಗಡಿನ ಒಂದು ಚಿತ್ರ ಮೂಡುತ್ತಿದ್ದದ್ದು 300 ಹರ್ಟ್ಜ್, ಅಂದರೆ ಸೆಕೆಂಡಿಗೆ 300 ಕಂಪನಗಳ ಆವೃತ್ತಿಯ ಆಸುಪಾಸಿನಲ್ಲಿ. ಅದೇ ವಸ್ತುವಿನ ತಗಡನ್ನು ಉದ್ದ, ಅಗಲ, ದಪ್ಪ ಎಲ್ಲದರಲ್ಲೂ ಸಾವಿರ ಪಟ್ಟು ಹಿಗ್ಗಿಸಿದರೆ, ಅದೇ ಚಿತ್ರಕ್ಕೆ ಬೇಕಾಗುವ ಆವೃತ್ತಿ ಸಾವಿರ ಪಟ್ಟು ಇಳಿಯುತ್ತದೆ. 240 ಮೀಟರ್ ಚದರದ ನೆಲಕ್ಕೆ 0.3 ಹರ್ಟ್ಜ್ ಸಾಕು. ಮನುಷ್ಯನ ಕಿವಿಗೆ ಕೇಳುವುದು ಸುಮಾರು 20 ಹರ್ಟ್ಜಿನಿಂದ ಮೇಲಕ್ಕೆ. ಹೀಗಾಗಿ ನನ್ನ ಲೋಕದಲ್ಲಿ ಬೆಟ್ಟಗಳನ್ನು ರೂಪಿಸಿದ ನಾದವನ್ನು ಯಾರೂ ಕೇಳಿಲ್ಲ, ಯಾವ ಕಂಠವೂ ಅದನ್ನು ಹಾಡಲಾರದು. ಮನುಷ್ಯರ ದನಿಗೆ ದಕ್ಕುವುದು ಮಡಕೆ, ಬಟ್ಟಲು, ಹೆಚ್ಚೆಂದರೆ ಒಂದು ಬಾಗಿಲು. ಈ ಒಂದು ಗುಣಾಕಾರ ನನ್ನ ಪಾತ್ರಗಳಿಗೆ ಕೊಟ್ಟಷ್ಟು ಬಾಳನ್ನು ಬೇರೆ ಯಾವ ಕಲ್ಪನೆಯೂ ಕೊಡಲಿಲ್ಲ.

ಹಗುರ ವಸ್ತುಗಳ ವಿಷಯದಲ್ಲಿ ನಾನು ಎಡವಿದ್ದೆ. ರವೆಯ ಬದಲು ಟಾಲ್ಕಂ ಪೌಡರ್ ಉದುರಿಸಿದಾಗ ಅದು ಗೆರೆಗಳಿಗೆ ಹೋಗದೆ, ಕಂಪನ ಹೆಚ್ಚಿರುವ ಕಡೆಯೇ ಸಣ್ಣ ಗುಪ್ಪೆಗಳಾಗಿ ಕೂಡಿಕೊಂಡಿತು. ಪ್ರಯೋಗ ಕೆಟ್ಟಿತೆಂದು ತಗಡನ್ನು ಒರೆಸಿಟ್ಟೆ. ಆಮೇಲೆ ತಿಳಿಯಿತು: ತಗಡಿನ ಕಂಪನದಿಂದ ಅದರ ಮೇಲಿನ ಗಾಳಿಯಲ್ಲಿ ಏಳುವ ಸಣ್ಣ ಪ್ರವಾಹಗಳು ನಯವಾದ ಪುಡಿಯನ್ನು ಅಲ್ಲಿಗೆ ಒಯ್ಯುತ್ತವೆ ಎಂಬುದನ್ನು ಇಂಗ್ಲಿಷ್ ವಿಜ್ಞಾನಿ ಮೈಕೆಲ್ ಫ್ಯಾರಡೆ 1831ರಲ್ಲೇ ವಿವರಿಸಿದ್ದ. ಆದ್ದರಿಂದ ನನ್ನ ಲೋಕದಲ್ಲಿ ಮಣ್ಣು ಮೌನವನ್ನು ಅರಸಿದರೆ ಮಂಜು, ಹೊಗೆ, ಬೂದಿ ನಾದವನ್ನು ಅರಸುತ್ತವೆ. ಶವಸಂಸ್ಕಾರದ ಅಧ್ಯಾಯದಲ್ಲಿ ಬೂದಿಯು ಹಾಡುವವರ ಕಡೆಗೇ ಸರಿದು ಬರುವ ದೃಶ್ಯಕ್ಕೆ ಆ ಪೌಡರಿನ ಗುಪ್ಪೆಗಳೇ ಮೂಲ.

ಸಿದ್ಧಾಂತವನ್ನು ಲೋಕದೊಳಗಿನ ಪಂಡಿತರ ಬಾಯಲ್ಲಿ ಪೂರ್ಣವಾಗಿ ಹೇಳಿಸಬಾರದೆಂದು ಕಲಿತದ್ದು ಇತಿಹಾಸದಿಂದ. ಕ್ಲಾಡ್ನಿಯ ಚಿತ್ರಗಳಿಗೆ ಗಣಿತ ಕೊಟ್ಟು ಫ್ರೆಂಚ್ ಗಣಿತಜ್ಞೆ ಸೋಫಿ ಜೆರ್ಮೇನ್ ಪ್ಯಾರಿಸ್ ಅಕಾಡೆಮಿಯ ಬಹುಮಾನ ಪಡೆದದ್ದು 1816ರಲ್ಲಿ, ಅದೂ ಮೂರನೆಯ ಪ್ರಯತ್ನದಲ್ಲಿ. ಆ ಗಣಿತದಲ್ಲಿ ತಗಡಿನ ಅಂಚು ಹೇಗೆ ವರ್ತಿಸುತ್ತದೆಂಬ ನಿಯಮಗಳನ್ನು ಜರ್ಮನ್ ಭೌತವಿಜ್ಞಾನಿ ಕಿರ್ಖಾಫ್ ಸರಿಪಡಿಸಿದ್ದು 1850ರಲ್ಲಿ. ಕ್ಲಾಡ್ನಿಯ ಪ್ರಕಟಣೆಯಿಂದ ಎಣಿಸಿದರೆ, ಕಣ್ಣಿಗೆ ಕಂಡದ್ದನ್ನು ಸರಿಯಾಗಿ ಬರೆಯಲು 63 ವರ್ಷ ಬೇಕಾದವು. ನನ್ನ ಲೋಕದ ಪಂಡಿತರೂ ಅಂಚಿನ ಬಗ್ಗೆಯೇ ತಪ್ಪುತ್ತಾರೆ, ಮತ್ತು ಕುಂಬಾರ್ತಿಯರಿಗೆ ಆ ತಪ್ಪು ಕೈಬೆರಳಿನಲ್ಲೇ ಗೊತ್ತಿದೆ.

ಈಗ ಏಳನೆಯ ಅಧ್ಯಾಯ ಬರೆಯುತ್ತಿದ್ದೇನೆ. ಅದರಲ್ಲಿ ಎರಡು ಮನೆತನಗಳು ಒಂದೇ ನೆಲದ ಮೇಲೆ ತಂತಮ್ಮ ಹಾಡನ್ನು ಒಟ್ಟಿಗೆ ಹಾಡಬೇಕು. ಏನಾದೀತೆಂದು ತಿಳಿಯಲು ಕಮಾನನ್ನು ಬದಿಗಿಟ್ಟು, ತಗಡನ್ನು ಸ್ಪೀಕರಿಗೆ ಜೋಡಿಸಿ ಎರಡು ಆವೃತ್ತಿಗಳನ್ನು ಒಮ್ಮೆಗೇ ಕೊಟ್ಟೆ. ಎರಡರ ಗೆರೆಗಳೂ ನಿಧಾನವಾಗಿ ಕರಗಿದವು. ಎರಡು ನಾದಗಳೂ ಸುಮ್ಮನಿರುವ ಕೆಲವೇ ಕೂಡುಜಾಗಗಳಲ್ಲಿ ಮಾತ್ರ ರವೆ ಉಳಿಯಿತು, ಗೆರೆ ಎಳೆಯುವ ಮುನ್ನ ಅಂಗಳದಲ್ಲಿ ಇಟ್ಟ ರಂಗೋಲಿಯ ಚುಕ್ಕಿಗಳಂತೆ. ಆ ಚುಕ್ಕಿಗಳ ಮೇಲೆ ಎರಡು ಮನೆತನಗಳು ಮನೆ ಕಟ್ಟುವುದು ಹೇಗೆಂದು ತಿಳಿಯಲು ಮೂರನೆಯ ಶ್ರುತಿಯನ್ನೂ ಸೇರಿಸಿ ನೋಡುತ್ತಿದ್ದೇನೆ.