ಹೊಡೆದಾಟದ ಚಿತ್ರಗಳ ನಿರ್ದೇಶಕರಾಗಲು ಕಲಬುರಗಿಯಿಂದ ಹೊರಡುವವರಿಗೆ

ಕುಂಗ್‌ಫೂ, ಕರಾಟೆಯ ಚಿತ್ರಗಳನ್ನು ನಿರ್ದೇಶಿಸಬೇಕೆಂಬ ಆಸೆ ಹೊತ್ತ ನಮ್ಮ ಭಾಗದ ತರುಣ ತರುಣಿಯರು ಸಾಮಾನ್ಯವಾಗಿ ಮೊದಲು ಕ್ಯಾಮೆರಾದ ಬೆಲೆ ವಿಚಾರಿಸುತ್ತಾರೆ. ಅದಕ್ಕಿಂತ ಮೊದಲು ಊರಿನ ತಾಲೀಮಿನಲ್ಲಿಯೋ ಕರಾಟೆ ತರಗತಿಯಲ್ಲಿಯೋ ಒಂದೆರಡು ವರ್ಷ ಬಿದ್ದು ಏಳುವುದನ್ನು ಕಲಿಯಬೇಕು ಎಂಬುದು ನನ್ನ ಖಚಿತ ಅಭಿಪ್ರಾಯ. ಹಿಂದಕ್ಕೆ ಬೀಳುವಾಗ ಗದ್ದವನ್ನು ಎದೆಗೆ ಒತ್ತಿಕೊಳ್ಳದಿದ್ದರೆ ತಲೆಯ ಹಿಂಭಾಗ ನೆಲಕ್ಕೆ ಬಡಿಯುತ್ತದೆ ಎಂಬುದನ್ನು ಮೈಯಿಂದಲೇ ಅರಿತವರು ಇನ್ನೊಬ್ಬರನ್ನು ಬೀಳಿಸುವಾಗ ಎಚ್ಚರ ತಪ್ಪುವುದಿಲ್ಲ. ಹಾಂಗ್‌ಕಾಂಗ್‌ನ ಲಾವ್ ಕಾರ್ ಲ್ಯುಂಗ್ ತಂದೆಯಿಂದ ಹುಂಗ್ ಗಾರ್ ಎಂಬ ಕುಂಗ್‌ಫೂ ಶೈಲಿಯನ್ನು ಕಲಿತು, ವರ್ಷಗಟ್ಟಲೆ ಬೇರೆಯವರ ಚಿತ್ರಗಳಿಗೆ ಹೊಡೆದಾಟ ಸಂಯೋಜಿಸಿ, 1975ರಲ್ಲಿ ನಿರ್ದೇಶಕರಾದರು. ಯುವೆನ್ ವೂ ಪಿಂಗ್ 1978ರಲ್ಲಿ ನಿರ್ದೇಶನಕ್ಕೆ ಬಂದದ್ದೂ ಇದೇ ದಾರಿಯಲ್ಲಿ. ನಮ್ಮಲ್ಲಿ ಥ್ರಿಲ್ಲರ್ ಮಂಜು ಅವರೂ ಫೈಟ್ ಮಾಸ್ಟರ್ ಆಗಿದ್ದವರೇ.

ಮೈ ಪಳಗಿದ ಮೇಲೆ ಮೊಬೈಲ್ ಫೋನೇ ಸಾಕು. ಹೊಡೆಯುವವನ ಭುಜದ ಹಿಂದೆ ಅದನ್ನು ಹಿಡಿದರೆ, ಮುಷ್ಟಿಗೂ ಎದುರಾಳಿಯ ಮುಖಕ್ಕೂ ನಡುವೆ ಒಂದು ಗೇಣು ಅಂತರವಿದ್ದರೂ ಪರದೆಯ ಮೇಲೆ ಏಟು ಬಿದ್ದಂತೆಯೇ ಕಾಣುತ್ತದೆ. ಅದೇ ಏಟನ್ನು ಪಕ್ಕದಿಂದ ಚಿತ್ರೀಕರಿಸಿದರೆ ಅಂತರ ಬಯಲಾಗುತ್ತದೆ. ಏಟನ್ನು ನಂಬಿಸುವ ಹೊಣೆ ಹೆಚ್ಚಾಗಿ ಅದನ್ನು ತಿನ್ನುವವನದು. ಮುಷ್ಟಿ ಮುಖದ ಮುಂದೆ ಹಾದುಹೋಗುವ ಕ್ಷಣದಲ್ಲಿಯೇ ಅವನ ಗದ್ದ, ನಂತರ ಭುಜ, ನಂತರ ಸೊಂಟ ತಿರುಗಬೇಕು. ಅರೆಗಳಿಗೆ ತಡವಾದರೂ ನೋಡುಗರಿಗೆ ಗೊತ್ತಾಗಿಬಿಡುತ್ತದೆ. ಸಂಕಲನದಲ್ಲಿ ದೂರದ ದೃಶ್ಯದಿಂದ ಹತ್ತಿರದ ದೃಶ್ಯಕ್ಕೆ ಏಟಿನ ನಡುವೆಯೇ ಕತ್ತರಿಸಿ, ಚಲನೆಯ ಎರಡು ಮೂರು ಫ್ರೇಮ್‌ಗಳನ್ನು ಎರಡನೆಯ ದೃಶ್ಯದಲ್ಲಿ ಮತ್ತೆ ಬರಗೊಟ್ಟರೆ, ಸೆಕೆಂಡಿಗೆ 24 ಫ್ರೇಮ್ ಓಡುವ ಚಿತ್ರದಲ್ಲಿ ಆ ಪುನರಾವರ್ತನೆ ಕಣ್ಣಿಗೆ ಸಿಗುವುದಿಲ್ಲ, ಆದರೆ ಏಟಿನ ತೂಕ ಹೆಚ್ಚುತ್ತದೆ. 22 ಫ್ರೇಮ್‌ನಲ್ಲಿ ಚಿತ್ರೀಕರಿಸಿ 24ರಲ್ಲಿ ಓಡಿಸಿದರೆ ಚಲನೆ ತುಸು ಚುರುಕಾಗುತ್ತದೆ. ಇದಕ್ಕಿಂತ ಹೆಚ್ಚು ಓಡಿಸಿದರೆ ನಗು ಬರುತ್ತದೆ. ಕ್ಷಣಕ್ಕೊಂದು ಕತ್ತರಿ ಹಾಕಿ, ಯಾರು ಯಾರಿಗೆ ಹೊಡೆದರೆಂದೇ ತಿಳಿಯದಂತೆ ಮಾಡುವ ಈಗಿನ ರೂಢಿ ಪಟ್ಟು ಗೊತ್ತಿರುವ ಕಲಾವಿದರಿಗೆ ಮಾಡುವ ಅನ್ಯಾಯವೆಂದೇ ನಾನು ಭಾವಿಸುತ್ತೇನೆ.

ಸುರಕ್ಷತೆಯ ವಿಷಯದಲ್ಲಿ ನಿರ್ದೇಶಕರ ಮಾತೇ ಕೊನೆಯದಾಗಬೇಕು. 2016ರಲ್ಲಿ ತಿಪ್ಪಗೊಂಡನಹಳ್ಳಿ ಜಲಾಶಯದಲ್ಲಿ ಕನ್ನಡ ಚಿತ್ರವೊಂದಕ್ಕಾಗಿ ಹೆಲಿಕಾಪ್ಟರಿನಿಂದ ಜಿಗಿದ ಇಬ್ಬರು ನಟರು ಮುಳುಗಿ ತೀರಿಕೊಂಡರು. ಪ್ರತಿ ಪಟ್ಟನ್ನೂ ಮೊದಲು ಅರ್ಧ ವೇಗದಲ್ಲಿ ಅಭ್ಯಾಸ ಮಾಡಿಸಿ, ದಣಿದವರನ್ನು ಕೂರಿಸಿ, ಕಲಾವಿದರು ಬೇಡವೆಂದರೆ ಆ ದೃಶ್ಯವನ್ನೇ ಬದಲಿಸಬೇಕು. ನಲವತ್ತು ಡಿಗ್ರಿ ದಾಟುವ ನಮ್ಮ ಮೇ ತಿಂಗಳಲ್ಲಿ ಮಧ್ಯಾಹ್ನದ ಹೊಡೆದಾಟವನ್ನು ಇಟ್ಟುಕೊಳ್ಳಲೇಬಾರದು.

ಮುಂದಿನ ದಾರಿ ಎರಡು. ಪದವಿ ಮುಗಿಸಿದವರು ಸೊಲ್ಲಾಪುರ ಮಾರ್ಗದ ರೈಲಿನಲ್ಲಿ ತಲುಪಬಹುದಾದ ಪುಣೆಯ ಚಲನಚಿತ್ರ ಸಂಸ್ಥೆಯ ನಿರ್ದೇಶನ ವಿಭಾಗಕ್ಕೆ ಪ್ರವೇಶ ಪರೀಕ್ಷೆ ಬರೆಯಬಹುದು. ಉಳಿದವರು ಬೆಂಗಳೂರಿನಲ್ಲಿ, ಅಥವಾ ಬೀದರ್‌ನವರಿಗೆ ಹತ್ತಿರವಾದ ಹೈದರಾಬಾದಿನಲ್ಲಿ, ಫೈಟ್ ಮಾಸ್ಟರ್ ಒಬ್ಬರ ಬಳಿ ಸಹಾಯಕರಾಗಿ ಸೇರುವುದು ಒಳ್ಳೆಯದು. ಈ ದಾರಿ ನಿಧಾನವಾದರೂ ಕೈಗೆ ಕೆಲಸ ಹತ್ತುತ್ತದೆ. ಹೊರಡುವಾಗ ಸಂಗಡ ಒಯ್ಯಬೇಕಾದದ್ದು ಊರಿನ ಗೆಳೆಯರೊಂದಿಗೆ ತಯಾರಿಸಿದ ಎರಡು ನಿಮಿಷದ ಹೊಡೆದಾಟ. ಅದನ್ನು ಕಲಬುರಗಿ ಅಥವಾ ಬೀದರ್ ಕೋಟೆಯೊಳಗೆ ಚಿತ್ರೀಕರಿಸುವ ಆಸೆಯಿದ್ದರೆ, ಅವು ಸಂರಕ್ಷಿತ ಸ್ಮಾರಕಗಳಾದ್ದರಿಂದ, ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಗೆ ಮುಂಚಿತವಾಗಿ ಅರ್ಜಿ ಹಾಕಿ ಅನುಮತಿ ಪಡೆಯಬೇಕು. ಅಷ್ಟು ಕಾಯಲಾಗದಿದ್ದರೆ ಮಾಲೀಕರನ್ನು ಕೇಳಿ, ತೊಗರಿ ರಾಶಿ ಮುಗಿದ ಹೊಲವೊಂದರಲ್ಲಿ ಕಲ್ಲು, ಕೂಳೆ ಆರಿಸಿ ಚಾಪೆ ಹಾಸಿಕೊಳ್ಳಬಹುದು.