ಆ್ಯಕ್ಷನ್ ಹೀರೋಯಿನ್ ಆಗಬೇಕಾ? ರೋಪ್ ಕಟ್ಟಿಸಿಕೊಳ್ಳುವ ಮುಂಚೆ ಇದನ್ನು ಓದಿ

ಮೊದಲು ಒಂದು ವಿಷಯ. ಹೊಸ ಹುಡುಗಿಯನ್ನು ನಂಬಿ ಫೈಟಿಗೆ ದುಡ್ಡು ಸುರಿಯುವ ನಿರ್ಮಾಪಕರು ಗಾಂಧಿನಗರದಲ್ಲಿ ಕಡಿಮೆ. ಮಾಲಾಶ್ರೀ ಕೂಡ 1989ರ ‘ನಂಜುಂಡಿ ಕಲ್ಯಾಣ’ದಲ್ಲಿ ಜನರಿಗೆ ಹತ್ತಿರವಾದ ಮೇಲೆಯೇ ಹೊಡೆದಾಟಕ್ಕೆ ಇಳಿದರು, ಅವರ ಆ್ಯಕ್ಷನ್ ಸಿನಿಮಾ ‘ದುರ್ಗಿ’ ಬಂದದ್ದು 2004ರಲ್ಲಿ. ಹಾಗಾಗಿ ನಟನೆ ಬಿಟ್ಟು ಬರೀ ಜಿಮ್ ಹಿಡಿಯಬೇಡಿ.

ಕರಾಟೆ, ಕಿಕ್ ಬಾಕ್ಸಿಂಗ್ ಏನಾದರೂ ಕಲಿಯಿರಿ, ಒಳ್ಳೆಯದೇ. ಆದರೆ ಸೆಟ್ಟಿನಲ್ಲಿ ಬೇಕಿರೋದು ಏಟು ಬೀಳದ ಹಾಗೆ ಹೊಡೆಯೋ ವಿದ್ಯೆ. ನಿಮ್ಮಿಂದ ಏಟು ತಿನ್ನುವ ಫೈಟರ್, ಅಂದರೆ ಸ್ಟಂಟ್ ಕಲಾವಿದನ ಬೆನ್ನ ಹಿಂದೆ ಕ್ಯಾಮೆರಾ ಇರುತ್ತದೆ, ನಿಮ್ಮ ಮುಷ್ಟಿ ಅವನ ಮುಖದ ಮುಂದೆ ಒಂದು ಗೇಣು ದೂರದಲ್ಲಿ ಹಾದುಹೋಗುತ್ತದೆ, ಅದೇ ಹೊತ್ತಿಗೆ ಅವನು ಕತ್ತು ತಿರುಗಿಸಬೇಕು. ಅರ್ಧ ಫೈಟ್ ಅವನ ರಿಯಾಕ್ಷನ್‌ನಲ್ಲೇ ಇರೋದು! ಜೋಶ್‌ನಲ್ಲಿ ನಿಜವಾಗಿ ಹೊಡೆದುಬಿಟ್ಟರೆ ಮಾರನೇ ದಿನ ಯಾರೂ ನಿಮ್ಮ ಹತ್ತಿರ ಧೈರ್ಯವಾಗಿ ಬರಲ್ಲ.

ಹೆಣ್ಣುಮಕ್ಕಳಿಗೆ ದೊಡ್ಡ ತಲೆನೋವು ಬಟ್ಟೆ. ರೋಪ್ ಶಾಟ್‌ಗೆ, ಅಂದರೆ ಹಗ್ಗ ಕಟ್ಟಿ ಮೇಲೆತ್ತುವ ದೃಶ್ಯಕ್ಕೆ, ಸೊಂಟ, ತೊಡೆಗೆ ಹಾರ್ನೆಸ್ ಅನ್ನೋ ಪಟ್ಟಿ ಬಿಗಿಯುತ್ತಾರೆ. ಮೈಗೆ ಅಂಟುವ ಡ್ರೆಸ್ ಆದರೆ ಅದು ಎದ್ದು ಕಾಣುತ್ತದೆ, ತೋಳಿಲ್ಲದ್ದಾದರೆ ಮೊಣಕೈ ಪ್ಯಾಡ್ ಮುಚ್ಚಲು ಜಾಗವೇ ಇಲ್ಲ, ಕೊನೆಗೆ ‘ಪ್ಯಾಡ್ ಬೇಡ ಮೇಡಂ, ಒಂದೇ ಶಾಟ್’ ಅಂತಾರೆ. ಒಪ್ಪಬೇಡಿ. ಅಳತೆ ಕೊಡುವಾಗಲೇ ಕಾಸ್ಟ್ಯೂಮರ್‌ಗೆ ಹೇಳಿ, ಫೈಟಿಗೆ ಅದೇ ಬಟ್ಟೆಯ ಇನ್ನೊಂದು ಜೊತೆ ಸ್ವಲ್ಪ ಲೂಸಾಗಿ ಹೊಲಿಸಿ. ಹೀಲ್ಸ್ ಬದಲು ಫ್ಲಾಟ್ ಶೂನೂ ಕೇಳಿ.

ಲೊಕೇಶನ್‌ಗೆ ಹೋದ ತಕ್ಷಣ ತಲೆಯೆತ್ತಿ ನೋಡಿ. 2021ರ ಆಗಸ್ಟ್‌ನಲ್ಲಿ ಬಿಡದಿ ಹತ್ತಿರದ ಶೂಟಿಂಗ್‌ನಲ್ಲಿ ಹೈ ಟೆನ್ಷನ್ ಲೈನ್‌ನಿಂದ ಕರೆಂಟ್ ಹೊಡೆದು ಒಬ್ಬ ಫೈಟರ್ ಸತ್ತ. 2016ರ ನವೆಂಬರ್‌ನಲ್ಲಿ ತಿಪ್ಪಗೊಂಡನಹಳ್ಳಿ ಜಲಾಶಯಕ್ಕೆ ಹೆಲಿಕಾಪ್ಟರ್‌ನಿಂದ ಹಾರಿದ ಇಬ್ಬರು ನಟರು ಮುಳುಗಿ ತೀರಿಕೊಂಡರು, ಅವರಿಗೆ ಲೈಫ್ ಜಾಕೆಟ್ ಇರಲಿಲ್ಲ. ಮೇಲೆ ತಂತಿ ಇದೆಯಾ, ಆಂಬುಲೆನ್ಸ್ ನಿಂತಿದೆಯಾ, ರೋಪ್ ಹಿಡಿಯೋರು ಯಾರು, ಎಲ್ಲವನ್ನೂ ಫೈಟ್ ಮಾಸ್ಟರ್‌ಗೇ ನೇರವಾಗಿ ಕೇಳಿ. ‘ಇವಳದ್ದು ಜಾಸ್ತಿ ಆಯ್ತು’ ಅನ್ನುತ್ತಾರೆ. ಅನ್ನಲಿ ಬಿಡಿ.

ನಿಮ್ಮ ಬದಲು ಸ್ಟಂಟ್ ಮಾಡೋ ಡ್ಯೂಪ್ ಕೇಳೋದರಲ್ಲಿ ನಾಚಿಕೆ ಏನೂ ಇಲ್ಲ. ಎಷ್ಟೋ ಸಲ ಗಂಡು ಫೈಟರ್‌ಗೇ ವಿಗ್ ಹಾಕಿ ನಿಲ್ಲಿಸಿಬಿಡುತ್ತಾರೆ, ಭುಜ ನೋಡಿದರೇ ಗೊತ್ತಾಗುತ್ತೆ ಅಲ್ವಾ? ಹೆಣ್ಣು ಡ್ಯೂಪೇ ಬೇಕು ಅಂತ ಮೊದಲೇ ಹೇಳಿ. ಆಮೇಲೆ ಸಂದರ್ಶನದಲ್ಲಿ ಕೂತು ‘ಎಲ್ಲಾ ನಾನೇ ಮಾಡಿದ್ದು’ ಅಂತ ಸುಮ್ನೆ ಬಿಡಬೇಡಿ, ಆಕೆಯೂ ಅದನ್ನು ನೋಡುತ್ತಿರುತ್ತಾಳೆ.

ಇನ್ಶೂರೆನ್ಸ್, ಗಾಯವಾದರೆ ಆಸ್ಪತ್ರೆ ಖರ್ಚು ಯಾರದು, ಆ ದಿನಗಳಿಗೆ ಕೊಟ್ಟ ಕಾಲ್‌ಶೀಟ್ (ಶೂಟಿಂಗ್ ಡೇಟ್) ಕತೆ ಏನು, ಇವು ಅಗ್ರಿಮೆಂಟಿನಲ್ಲೇ ಬರಲಿ. ಅಡ್ವಾನ್ಸ್ ತಗೊಳ್ಳುವ ಮುಂಚೆ.