ಕಟ್ಟಿದ ಕ್ರಮದಲ್ಲೇ ಖ್ಮೇರ್ ದೇಗುಲಗಳನ್ನು ನೋಡಿದೆವು: ನನ್ನ ಅನುಭವ

ಕಾಂಬೋಡಿಯಾದ ಹಳೆಯ ಖ್ಮೇರ್ ಅರಸರ ದೇಗುಲಗಳನ್ನು ಕಟ್ಟಿದ ಕಾಲಾನುಕ್ರಮದಲ್ಲೇ ತೋರಿಸುತ್ತೇನೆ, ಅಂಗ್ಕೋರ್ ವಾಟ್ ಅನ್ನು ಪ್ರವಾಸದ ಕೊನೆಯ ಭಾಗಕ್ಕೆ ಉಳಿಸುತ್ತೇನೆ, ಮೊದಲಿನಿಂದ ಕೊನೆಯವರೆಗೂ ಒಬ್ಬರೇ ಮಾರ್ಗದರ್ಶಿ ಇರುತ್ತಾರೆ ಎಂದು ನಾನು ಹೇಳಿದಾಗ, ನನ್ನಂತೆಯೇ ಚಿಕ್ಕ ಗುಂಪುಗಳನ್ನು ಬಾದಾಮಿ, ಐಹೊಳೆ, ಹಂಪಿಗೆ ಕರೆದೊಯ್ಯುವ ಗೆಳೆಯರು ಯಾರೂ ಒಪ್ಪಲಿಲ್ಲ. ಇಟ್ಟಿಗೆಯ ಹಾಳುಗಳನ್ನು ನೋಡಲು ಯಾರು ವಿಮಾನ ಹತ್ತುತ್ತಾರೆ ಎಂದು ಒಬ್ಬರು ಕೇಳಿದರು. ಮೊದಲ ದಿನವೇ ಅಂಗ್ಕೋರ್ ವಾಟ್ ತೋರಿಸದಿದ್ದರೆ ಮೂರನೆಯ ದಿನಕ್ಕೆ ಗುಂಪು ನಿಮ್ಮ ಮಾತು ಕೇಳುವುದಿಲ್ಲ ಎಂದು ಇನ್ನೊಬ್ಬರು ಎಚ್ಚರಿಸಿದರು. ಈ ಸಲದ ಗುಂಪು ಮರಳಿ ಬಂದ ಮೇಲೆ ಅದೇ ಗೆಳೆಯರು ನನ್ನ ದಿನಚರಿಯ ಪ್ರತಿ ಕೇಳುತ್ತಿದ್ದಾರೆ. ಎಲ್ಲರಿಗೂ ಬೇರೆ ಬೇರೆಯಾಗಿ ಹೇಳುವ ಬದಲು ಒಮ್ಮೆಲೇ ಬರೆಯುತ್ತಿದ್ದೇನೆ.

ಅಲ್ಲಿನ ಏಜೆನ್ಸಿಗಳು ಮಾರುವ ಚಿಕ್ಕ ಸುತ್ತು ಮತ್ತು ದೊಡ್ಡ ಸುತ್ತು ರಸ್ತೆಯ ಅನುಕೂಲಕ್ಕೆ ಹಾಕಿದ ಸುತ್ತುಗಳು. ಚಿಕ್ಕ ಸುತ್ತಿನಲ್ಲಿ 12ನೆಯ ಶತಮಾನದ ಮೊದಲರ್ಧದ ಅಂಗ್ಕೋರ್ ವಾಟ್ ಮುಗಿಸಿ, ಅದೇ ಶತಮಾನದ ಕೊನೆಯ ಬಯೋನ್‌ಗೆ ಹೋಗಿ, ಅಲ್ಲಿಂದ ಸುಮಾರು ಎರಡು ಶತಮಾನ ಹಿಂದಕ್ಕೆ ತಾ ಕೇವ್‌ಗೆ ಸರಿದು, ಮತ್ತೆ 1186ರ ತಾ ಪ್ರೋಮ್‌ಗೆ ಬರುತ್ತೇವೆ. ಈ ಕ್ರಮದಲ್ಲಿ ಹೋದ ನನ್ನ ಮೊದಲಿನ ಗುಂಪುಗಳಲ್ಲಿ ಎರಡನೆಯ ದಿನದ ಮಧ್ಯಾಹ್ನದ ಹೊತ್ತಿಗೆ ಎಲ್ಲ ದೇಗುಲಗಳೂ ಒಂದೇ ರೀತಿ ಕಾಣುತ್ತವೆ ಎಂಬ ಮಾತು ಶುರುವಾಗುತ್ತಿತ್ತು. ಅದರ ಮೇಲೆ ಒಂದು ಏಜೆನ್ಸಿಯವರು ದಿನಕ್ಕೊಬ್ಬ ಮಾರ್ಗದರ್ಶಿಯನ್ನು ಕಳಿಸಿದರು. ಬಂದವರೆಲ್ಲರೂ ಪರವಾನಗಿ ಇದ್ದವರೇ, ಒಳ್ಳೆಯವರೇ. ಆದರೆ ಪ್ರತಿಯೊಬ್ಬರೂ 802ರಲ್ಲಿ ಎರಡನೆಯ ಜಯವರ್ಮ ಕುಲೆನ್ ಬೆಟ್ಟದಲ್ಲಿ ಚಕ್ರವರ್ತಿಯಾದ ಕಥೆಯಿಂದಲೇ ಆರಂಭಿಸಿದ್ದರಿಂದ ಗುಂಪು ಅದನ್ನು ದಿನವೂ ಕೇಳಬೇಕಾಯಿತು, ಆಮೇಲಿನ ನಾಲ್ಕು ಶತಮಾನಗಳ ಕಥೆ ಯಾರ ಬಾಯಿಂದಲೂ ಪೂರ್ತಿಯಾಗಿ ಬರಲಿಲ್ಲ.

ಕಾಲಾನುಕ್ರಮದ ಮೊದಲ ಪ್ರಯತ್ನವೂ ಕೈಕೊಟ್ಟಿತು. ಅಂಗ್ಕೋರ್ ದೇಗುಲಗಳ ಪಕ್ಕದ ಊರಾದ ಸಿಯೆಮ್ ರೀಪ್‌ನಲ್ಲೇ ಉಳಿದು, 7ನೆಯ ಶತಮಾನದ ಸಾಂಬೋರ್ ಪ್ರೈ ಕುಕ್‌ಗೆ ಒಂದೇ ದಿನದಲ್ಲಿ ಹೋಗಿಬರುವ ಯೋಜನೆ ಅದು. ದಾರಿಯಲ್ಲಿ ಸಿಗುವ ಕೊಂಪೊಂಗ್ ಥೋಮ್ ಪಟ್ಟಣವೇ ನೂರೈವತ್ತು ಕಿಲೋಮೀಟರ್ ದೂರ, ಅಲ್ಲಿಂದ ಮತ್ತೆ ಮೂವತ್ತು. ಹಿರಿಯರಿಬ್ಬರು ಮರುದಿನ ಕೋಣೆಯಿಂದ ಹೊರಬರಲಿಲ್ಲ, ವ್ಯಾನಿಗೆ ಕೊಟ್ಟ ನೂರಕ್ಕೂ ಹೆಚ್ಚು ಡಾಲರ್‌ಗೆ ದೇಗುಲದಲ್ಲಿ ಸಿಕ್ಕಿದ್ದು ಎರಡು ಗಂಟೆ ಮಾತ್ರ.

ಪರಿಹಾರ ಸಿಕ್ಕಿದ್ದು ವಿಮಾನದ ಟಿಕೆಟ್‌ನಲ್ಲಿ. ರಾಜಧಾನಿ ನೊಮ್ ಪೆನ್‌ನಲ್ಲಿ ಇಳಿದು ಸಿಯೆಮ್ ರೀಪ್‌ನಿಂದ ಹೊರಡುವಂತೆ ಟಿಕೆಟ್ ಮಾಡಿಸಿದರೆ ಸಾಂಬೋರ್ ಪ್ರೈ ಕುಕ್ ದಾರಿಯಲ್ಲೇ ಸಿಗುತ್ತದೆ. ಬೆಂಗಳೂರಿನಿಂದ ಕ್ವಾಲಾಲಂಪುರದ ಮೂಲಕ ಹೋದ ನಮಗೆ ಇದಕ್ಕೆ ತಲೆಗೆ ಮೂರು ನಾಲ್ಕು ಸಾವಿರ ರೂಪಾಯಿ ಹೆಚ್ಚಾಗಿರಬಹುದು, ಆದರೆ ಹಿಂದೆ ವ್ಯಾನಿನಲ್ಲಿ ಕಳೆದಿದ್ದ ಇಡೀ ದಿನ ಉಳಿಯಿತು. ನೊಮ್ ಪೆನ್‌ನ ರಾಷ್ಟ್ರೀಯ ವಸ್ತುಸಂಗ್ರಹಾಲಯವೂ ತಾನಾಗಿಯೇ ಮೊದಲ ದಿನಕ್ಕೆ ಬಂದಿತು. ರಾತ್ರಿ ಕೊಂಪೊಂಗ್ ಥೋಮ್‌ನಲ್ಲಿ ತಂಗಿ, ಬೆಳಿಗ್ಗೆ ಬಿಸಿಲು ಏರುವ ಮುನ್ನ ಮರಗಳ ನಡುವಿನ ಆ ಗೋಪುರಗಳ ಬಳಿ ಇದ್ದೆವು.

ಈ ಪದ್ಧತಿ ನಿಂತಿರುವುದು ಬಾಗಿಲಿನ ಮೇಲಿನ ಅಡ್ಡಪಟ್ಟಿಯ ಮೇಲೆ. ಖ್ಮೇರ್ ದೇಗುಲಗಳ ಕಾಲವನ್ನು ವಿದ್ವಾಂಸರು ಬಹುಮಟ್ಟಿಗೆ ಇದರಿಂದಲೇ ಗುರುತಿಸುತ್ತಾರೆ, ಆದರೆ ಪ್ರವಾಸಿಗರಿಗೆ ಇದನ್ನು ತೋರಿಸುವವರು ಕಡಿಮೆ. ಸಾಂಬೋರ್‌ನಲ್ಲಿ ನಮ್ಮ ಮಾರ್ಗದರ್ಶಿ ಟಾರ್ಚನ್ನು ಕಲ್ಲಿಗೆ ತಾಗುವಷ್ಟು ಪಕ್ಕಕ್ಕೆ ಹಿಡಿದಾಗ, ಎರಡು ತುದಿಗಳಲ್ಲಿ ಒಳಮುಖವಾಗಿ ನಿಂತ ಮಕರಗಳೂ, ಅವುಗಳ ಬಾಯಿಂದ ಹೊರಟ ಕಮಾನೂ, ಕಮಾನಿನ ನಡುವಿನ ಪದಕಗಳೂ ಒಂದೊಂದಾಗಿ ಎದ್ದು ಬಂದವು. ನಮ್ಮ ಮಕರತೋರಣ ನೋಡಿ ಬೆಳೆದವರಿಗೆ ಇದನ್ನು ವಿವರಿಸುವ ಅಗತ್ಯವೇ ಇಲ್ಲ. ಎಲ್ಲರೂ ಅದರ ಫೋಟೊ ತೆಗೆದು ಮೊಬೈಲಿನಲ್ಲಿ ಬೇರೆಯಾಗಿ ಇಟ್ಟುಕೊಳ್ಳುವಂತೆ ಹೇಳಿದೆ. ಮರುದಿನ ಸಿಯೆಮ್ ರೀಪ್ ಬಳಿಯ ರೊಲುವೊಸ್‌ನಲ್ಲಿ, 879ರ ಪ್ರಿಯಾ ಕೋ ದೇಗುಲದ ಮುಂದೆ, ನಂದಿಗಳ ಸಾಲು ದಾಟಿ ಬಾಗಿಲ ಬಳಿ ನಿಂತ ಕೂಡಲೇ ಗುಂಪಿನ ನಿವೃತ್ತ ಶಿಕ್ಷಕಿಯೊಬ್ಬರು, “ನಿನ್ನೆಯ ಆ ಎರಡು ಮಕರ ಎಲ್ಲಿ ಹೋದವು? ನಡುವೆ ಕೀರ್ತಿಮುಖ ಬಂದು ಕೂತಿದೆಯಲ್ಲ!” ಎಂದರು. ಮಾರ್ಗದರ್ಶಿ ನನ್ನತ್ತ ನೋಡಿದರು. ಅವರು ಇನ್ನೂ ಬಾಯಿ ತೆರೆದಿರಲಿಲ್ಲ. ಕೀರ್ತಿಮುಖದ ಬಾಯಿಂದ ಎರಡೂ ಕಡೆಗೆ ಹರಿಯುವ ಹೂಮಾಲೆ, ಅದರ ಮೇಲೆ ಸವಾರಿ ಮಾಡುವ ಪುಟ್ಟ ಆಕೃತಿಗಳು, ಇವೆಲ್ಲವನ್ನೂ ಗುಂಪೇ ಹುಡುಕಿ ತೆಗೆಯಿತು. ಬಂತೇ ಸ್ರೇ ದೇಗುಲಕ್ಕೆ ಬರುವ ಹೊತ್ತಿಗೆ ಅವರು ತಮ್ಮತಮ್ಮಲ್ಲೇ ಕಾಲ ನಿರ್ಣಯದ ಚರ್ಚೆ ಮಾಡುತ್ತಿದ್ದರು. ನಾನು ಕರೆದೊಯ್ದ ಈ ಗುಂಪು ಅಡ್ಡಪಟ್ಟಿಯ ಫೋಟೊ ನೋಡಿ ಶತಮಾನ ಹೇಳಬಲ್ಲದು. ಬೇರೆ ಯಾವ ಏಜೆನ್ಸಿಯ ಗುಂಪೂ ಹಾಗೆ ಹೇಳುವುದನ್ನು ನಾನು ಕಂಡಿಲ್ಲ.

ಇದರ ಜೊತೆಗೆ ನಾನು ಮಾಡಿಸಿದ್ದು ಒಂದು ಕಾರ್ಡು. ಒಂದು ಬದಿಯಲ್ಲಿ ಖ್ಮೇರ್ ಅರಸರು, ಇನ್ನೊಂದು ಬದಿಯಲ್ಲಿ ಅದೇ ಕಾಲದ ನಮ್ಮ ಅರಸರು. ಸಾಂಬೋರ್‌ನ ಈಶಾನವರ್ಮ ಇಮ್ಮಡಿ ಪುಲಕೇಶಿಯ ಸಮಕಾಲೀನ; ಐಹೊಳೆಯ ಶಾಸನ 634ರದು, ಈಶಾನಪುರದ, ಅಂದರೆ ಈಗಿನ ಸಾಂಬೋರ್‌ನ, ಇಟ್ಟಿಗೆಗಳೂ ಅದೇ ಕಾಲದವು. ರೊಲುವೊಸ್‌ನ ಪ್ರಿಯಾ ಕೋ ಮತ್ತು ಬಾಕೊಂಗ್ ದೇಗುಲಗಳನ್ನು ಕಟ್ಟಿಸಿದ ಇಂದ್ರವರ್ಮ 877ರಲ್ಲಿ ಪಟ್ಟಕ್ಕೆ ಬಂದಾಗ ಇಲ್ಲಿ ಅಮೋಘವರ್ಷ ನೃಪತುಂಗನ ಸುದೀರ್ಘ ಆಳ್ವಿಕೆ ಮುಗಿಯುತ್ತಿತ್ತು. ಅಂಗ್ಕೋರ್ ವಾಟ್‌ನ ಎರಡನೆಯ ಸೂರ್ಯವರ್ಮ 1113ರಲ್ಲಿ ಅರಸನಾದ. ವಿಷ್ಣುವರ್ಧನ ಬೇಲೂರಿನ ಚೆನ್ನಕೇಶವನನ್ನು ಪ್ರತಿಷ್ಠಾಪಿಸಿದ್ದು 1117ರಲ್ಲಿ. ಬಯೋನ್‌ನ ಏಳನೆಯ ಜಯವರ್ಮ ಇಮ್ಮಡಿ ವೀರಬಲ್ಲಾಳನ ಕಾಲದವನು. ವರ್ಮ ಎಂದು ಮುಗಿಯುವ ಹೆಸರುಗಳ ಸಾಲು ಯಾರ ತಲೆಯಲ್ಲೂ ನಿಲ್ಲುವುದಿಲ್ಲ ಎಂಬ ದೂರು ಈ ಕಾರ್ಡಿನಿಂದ ಪೂರ್ತಿ ನಿಂತಿತು. ಅಚ್ಚಿನ ಖರ್ಚು ಇನ್ನೂರು ಮುನ್ನೂರು ರೂಪಾಯಿ ದಾಟಲಿಲ್ಲ.

ಕಠಿಣ ಪರೀಕ್ಷೆ ಎದುರಾಗಿದ್ದು ಕೋ ಕೇರ್ ದಿನ. ನಾಲ್ಕನೆಯ ಜಯವರ್ಮ 928ರಿಂದ ರಾಜಧಾನಿ ಮಾಡಿಕೊಂಡಿದ್ದ ಈ ಜಾಗ ಸಿಯೆಮ್ ರೀಪ್‌ನಿಂದ ಸುಮಾರು 120 ಕಿಲೋಮೀಟರ್. ಅದೇ ಕಡೆಯ ರಸ್ತೆಯಲ್ಲಿ ಬೆಂಗ್ ಮಿಯಾಲಿಯಾ ದೇಗುಲ ಸಿಗುತ್ತದೆ, ಎಲ್ಲರೂ ಎರಡನ್ನೂ ಒಂದೇ ದಿನ ಮುಗಿಸುತ್ತಾರೆ. ಬೆಂಗ್ ಮಿಯಾಲಿಯಾ 12ನೆಯ ಶತಮಾನದ್ದಾದ್ದರಿಂದ ನಾನು ವ್ಯಾನ್ ನಿಲ್ಲಿಸಲಿಲ್ಲ. ಚಾಲಕರಿಗೆ ಇದು ಅರ್ಥವೇ ಆಗಲಿಲ್ಲ, ಎರಡು ಬಾರಿ ಕೇಳಿದರು. ಆದರೆ ಕೋ ಕೇರ್‌ನ ಏಳು ಹಂತಗಳ, ಸುಮಾರು 36 ಮೀಟರ್ ಎತ್ತರದ ಪಿರಮಿಡ್ಡನ್ನು ಹಿಂದಿನ ದಿನದ ಬಾಕೊಂಗ್‌ನ ಐದು ಹಂತಗಳ ನೆನಪು ಹಸಿಯಾಗಿರುವಾಗಲೇ ನೋಡಬೇಕು. ನಡುವೆ ಬೇರೊಂದು ಬಂದರೆ ಆ ಬೆಳವಣಿಗೆ ಕಣ್ಣಿಗೆ ಬೀಳುವುದಿಲ್ಲ. ಪ್ರಸಾತ್ ಚೆನ್ ದೇಗುಲದಲ್ಲಿ 1970ರ ದಶಕದ ಆರಂಭದ ಅಂತರ್ಯುದ್ಧದ ಕಾಲದಲ್ಲಿ ಕಳ್ಳರು ಭೀಮ ಮತ್ತು ದುರ್ಯೋಧನರ ಮೂರ್ತಿಗಳನ್ನು ಪಾದಗಳಷ್ಟನ್ನೇ ಪೀಠದಲ್ಲಿ ಬಿಟ್ಟು ಕಡಿದೊಯ್ದಿದ್ದರು, ಅವೆರಡೂ 2014ರಲ್ಲಿ ಅಮೆರಿಕದಿಂದ ದೇಶಕ್ಕೆ ಮರಳಿದವು. ಮೊದಲ ದಿನ ವಸ್ತುಸಂಗ್ರಹಾಲಯದಲ್ಲಿ ಈ ಕಥೆ ಕೇಳಿದ್ದವರು ಇಲ್ಲಿ ಬಂದು ಖಾಲಿ ಜಾಗವನ್ನು ನೋಡುವಾಗ ಯಾರೂ ಆತುರಪಡಲಿಲ್ಲ. ಈ ಪ್ರದೇಶದಲ್ಲಿ ನೆಲಬಾಂಬುಗಳನ್ನು ತೆಗೆದ ಇತಿಹಾಸವಿದೆ, ಆದ್ದರಿಂದ ಕಾಲುದಾರಿ ಬಿಟ್ಟು ಕಾಡಿಗೆ ಇಳಿಯಲು ಯಾರಿಗೂ ಬಿಡಬೇಡಿ.

ಪೂರ್ವ ಮೆಬೋನ್ ಮತ್ತು 961ರ ಪ್ರೆ ರೂಪ್ ಒಂದೇ ದಿನದಲ್ಲಿ ಸುಲಭವಾಗಿ ಮುಗಿಯುತ್ತವೆ. ಪ್ರೆ ರೂಪ್ ಸಂಜೆ ಏಳರವರೆಗೂ ತೆರೆದಿರುವುದರಿಂದ ಅದನ್ನು ಕೊನೆಗೆ ಇಡಿ.

967ರ ಬಂತೇ ಸ್ರೇಗೆ ಬೆಳಿಗ್ಗೆಯೇ ಹೋಗಬೇಕು. ದೇಗುಲ ಪೂರ್ವಾಭಿಮುಖ, ಕೆಂಪು ಮರಳುಗಲ್ಲಿನ ಮೇಲೆ ಎಳೆಬಿಸಿಲು ಬಿದ್ದಾಗ ಕೆತ್ತನೆಯ ಆಳ ತಿಳಿಯುತ್ತದೆ. ಕೈಲಾಸವನ್ನು ಅಲುಗಾಡಿಸುವ ರಾವಣ, ಕಾಮದಹನ, ಖಾಂಡವವನದ ಮೇಲೆ ಮಳೆ ಸುರಿಸುವ ಇಂದ್ರ, ಕಂಸವಧೆ, ಇವುಗಳನ್ನು ಮಾರ್ಗದರ್ಶಿ ಹೇಳುವ ಮೊದಲೇ ನಮ್ಮವರು ಹೇಳಿಬಿಡುತ್ತಾರೆ. ಹಾಗಾಗಿ ಇಲ್ಲಿ ಕಥೆ ಬೇಡ, ಕೆತ್ತನೆಯ ಬಗ್ಗೆ ಮಾತ್ರ ಮಾತನಾಡಿ ಎಂದು ಮಾರ್ಗದರ್ಶಿಗೆ ಮುಂಚಿತವಾಗಿಯೇ ತಿಳಿಸಿದ್ದೆ. ಇದರಿಂದ ಒಂದು ಗಂಟೆ ಉಳಿಯಿತು. ಆ ಗಂಟೆಯನ್ನು ಒಂದು ಪಕ್ಕದ ಪ್ರಯೋಗಕ್ಕೆ ಬಳಸಿದೆ: ಅಲ್ಲಿಂದ ಮುಂದಿನ ಕ್ಬಾಲ್ ಸ್ಪಿಯನ್‌ಗೆ ಹೋಗಿ, ಒಂದೂವರೆ ಕಿಲೋಮೀಟರ್ ಕಾಡುದಾರಿ ಹತ್ತಿ, ಹೊಳೆಯ ತಳದ ಬಂಡೆಯಲ್ಲಿ 11ನೆಯ ಶತಮಾನದಲ್ಲಿ ಕೆತ್ತಿದ ಲಿಂಗಗಳ ಸಾಲುಗಳನ್ನೂ ಶೇಷಶಾಯಿ ವಿಷ್ಣುವನ್ನೂ ನೋಡಿದೆವು. ಶಿರಸಿಯ ಬಳಿ ಶಾಲ್ಮಲಾ ನದಿಯ ಸಹಸ್ರಲಿಂಗ ಕಂಡವರಿಗೆ ಇದು ಬಹಳ ಹತ್ತಿರದ್ದು, ಆದರೆ ಕ್ಬಾಲ್ ಸ್ಪಿಯನ್ ಅದಕ್ಕಿಂತ ಆರು ಶತಮಾನ ಹಳೆಯದು. ಮಂಡಿನೋವಿನವರನ್ನು ಕೆಳಗೇ ಕೂರಿಸಬೇಕಾಯಿತು, ಆದ್ದರಿಂದ ಇದನ್ನು ಎಲ್ಲ ಗುಂಪಿಗೂ ಸೂಚಿಸಲಾರೆ. ಇನ್ನೊಂದು ಪ್ರಯೋಗ ಅರೆಬರೆಯಾಯಿತು: ರೊಲುವೊಸ್‌ನ ಲೋಲೈ ದೇಗುಲದ ಬಾಗಿಲವಾಡದ ಶಾಸನವನ್ನು ಬಾದಾಮಿ ಕಾಲದ ಅಕ್ಷರಗಳ ಪಟ್ಟಿಯೊಡನೆ ಹೋಲಿಸಿ ಓದಿಸಲು ನೋಡಿದೆ. ಕೆಲವು ಅಕ್ಷರಗಳ ಒಡಲು ಪರಿಚಿತವೆನಿಸಿತೇ ಹೊರತು ಒಂದು ಸಾಲನ್ನೂ ಯಾರೂ ಮುಗಿಸಲಿಲ್ಲ.

ಅಂಗ್ಕೋರ್ ವಾಟ್‌ಗೆ ಎರಡು ಅರ್ಧ ದಿನ ಕೊಟ್ಟೆ. ದೇಗುಲ ಪಶ್ಚಿಮಾಭಿಮುಖವಾದ್ದರಿಂದ ಮುಂಭಾಗಕ್ಕೆ ಮಧ್ಯಾಹ್ನದ ಬೆಳಕು ಒಳ್ಳೆಯದು. ಶರಶಯ್ಯೆಯ ಭೀಷ್ಮನಿರುವ ಕುರುಕ್ಷೇತ್ರದ ಕೆತ್ತನೆಯ ಗೋಡೆಯೂ ಪಶ್ಚಿಮದಲ್ಲೇ ಇದೆ. ಸುಮಾರು 49 ಮೀಟರ್ ಉದ್ದದ ಸಮುದ್ರಮಥನ ಪೂರ್ವದ ಮೊಗಸಾಲೆಯಲ್ಲಿದೆ, ಅದಕ್ಕೆ ಮರುದಿನ ಬೆಳಿಗ್ಗೆ. ಜನ ಸೂರ್ಯೋದಯಕ್ಕೆ ಕೊಳದ ಬಳಿ ಸೇರುವ ಹೊತ್ತಿನಲ್ಲಿ ನಾವು ಯಾವ ಕಡೆಯಿಂದ ಒಳಗೆ ಹೋಗಿ ಯಾವ ಗೋಡೆಯ ಮುಂದೆ ನಾವಷ್ಟೇ ನಿಂತಿದ್ದೆವು ಎಂಬುದನ್ನು ಇಲ್ಲಿ ಬರೆಯುವುದಿಲ್ಲ. ಬರೆದರೆ ಮುಂದಿನ ಸಲ ಅಲ್ಲಿಯೂ ಜಾಗ ಸಿಗುವುದಿಲ್ಲ. ಆದರೆ ಒಂದು ಮಾತನ್ನು ಮುಚ್ಚಿಡಲಾರೆ. ಮೇಲಿನ ಅಂತಸ್ತಾದ ಬಾಕನ್ ಬೌದ್ಧ ಉಪೋಸಥದ ದಿನಗಳಲ್ಲಿ, ಅಂದರೆ ತಿಂಗಳಿಗೆ ನಾಲ್ಕು ಬಾರಿ, ಮುಚ್ಚಿರುತ್ತದೆ. ಹಿಂದಿನ ಒಂದು ಗುಂಪು ಮೆಟ್ಟಿಲ ಕೆಳಗೆ ನಿಂತು ವಾಪಸಾಗಿತ್ತು. ಈಗ ದಿನ ಗೊತ್ತುಮಾಡುವ ಮೊದಲು ಪಂಚಾಂಗ ತೆಗೆದು ಹುಣ್ಣಿಮೆ, ಅಮಾವಾಸ್ಯೆ ಮತ್ತು ಎರಡು ಅಷ್ಟಮಿಗಳನ್ನು ತಪ್ಪಿಸುತ್ತೇನೆ. ಅಲ್ಲಿನ ಲೆಕ್ಕ ಒಂದು ದಿನ ಆಚೀಚೆ ಆಗಬಹುದಾದ್ದರಿಂದ ಮಾರ್ಗದರ್ಶಿಯ ಹತ್ತಿರ ಖಚಿತಪಡಿಸಿಕೊಳ್ಳುತ್ತೇನೆ. ಅಂಗ್ಕೋರ್ ವಾಟ್‌ನಲ್ಲಿ ನಮ್ಮ ಪುರಾತತ್ತ್ವ ಸರ್ವೇಕ್ಷಣ ಇಲಾಖೆ 1986ರಿಂದ 1993ರವರೆಗೆ ಸಂರಕ್ಷಣೆ ನಡೆಸಿತ್ತು ಎಂಬುದು ಗುಂಪಿನ ಅನೇಕರಿಗೆ ಹೊಸ ವಿಷಯವಾಗಿತ್ತು.

ಬಾಪುವೊನ್ ದೇಗುಲವನ್ನು ಅಂಗ್ಕೋರ್ ವಾಟ್‌ನ ಹಿಂದಿನ ಬೆಳಿಗ್ಗೆ ನೋಡಿದ್ದೆವು. ದುರಸ್ತಿಗೆಂದು ಮೂರು ಲಕ್ಷದಷ್ಟು ಕಲ್ಲುಗಳನ್ನು ಬಿಚ್ಚಿಟ್ಟ ಮೇಲೆ ಅಂತರ್ಯುದ್ಧದಲ್ಲಿ ದಾಖಲೆಗಳೇ ನಾಶವಾಗಿ, 1995ರಲ್ಲಿ ಮತ್ತೆ ಕೈಗೆತ್ತಿಕೊಂಡು 2011ರಲ್ಲಿ ಮುಗಿಸಿದ ಆ ಜೋಡಣೆಗೆ ಅರ್ಧ ದಿನ ಕೊಟ್ಟರೂ ಸಾಲದು. ಕೊನೆಗೆ ತಾ ಪ್ರೋಮ್, ಪ್ರಿಯಾ ಖಾನ್, ಬಯೋನ್. ಇಲ್ಲಿ ಬುದ್ಧ ಬರುತ್ತಾನೆ, ಕೆಲಸದಲ್ಲಿ ಅವಸರ ಕಾಣುತ್ತದೆ, ಕಲ್ಲಿನ ಜೋಡಣೆ ಸಡಿಲವಾಗುತ್ತದೆ. ಅದನ್ನು ಗುಂಪು ತಾನೇ ಗುರುತಿಸಿದ್ದು ನನಗೆ ಎಲ್ಲಕ್ಕಿಂತ ಹೆಚ್ಚು ಸಂತೋಷ ಕೊಟ್ಟಿತು.

ಇನ್ನು ಹಣದ ಮಾತು, ನೆನಪಿನಿಂದ. ಅಂಗ್ಕೋರ್ ದೇಗುಲಗಳ ಪ್ರವೇಶದ ಪಾಸ್ ಮೂರು ದಿನಕ್ಕೆ 62 ಡಾಲರ್, ಏಳು ದಿನಕ್ಕೆ 72. ಏಜೆನ್ಸಿಗಳು ಮೂರು ದಿನದ್ದನ್ನೇ ಹಾಕುತ್ತಾರೆ. ಹತ್ತು ಡಾಲರ್ ಹೆಚ್ಚು ಕೊಟ್ಟರೆ ಒಂದು ತಿಂಗಳೊಳಗೆ ಬೇಕಾದ ಏಳು ದಿನ ಬಳಸಬಹುದು, ಈ ಕ್ರಮಕ್ಕೆ ಅದಿಲ್ಲದೆ ಆಗುವುದಿಲ್ಲ. ಸಾಂಬೋರ್ ಮತ್ತು ಕೋ ಕೇರ್‌ಗೆ ಬೇರೆ ಟಿಕೆಟ್, ಎರಡೂ ಸೇರಿ ಇಪ್ಪತ್ತೈದರ ಆಸುಪಾಸು. ಮಾರ್ಗದರ್ಶಿಗೆ ದಿನಕ್ಕೆ ಐವತ್ತರಂತೆ, ಹೊರಗೆ ತಂಗಿದ ರಾತ್ರಿಗೆ ಮೇಲೆ ಇಪ್ಪತ್ತು ಕೊಟ್ಟೆವು; ಅವರನ್ನು ವಿಡಿಯೊ ಕರೆಯಲ್ಲಿ ಒಂದೇ ಪ್ರಶ್ನೆ ಕೇಳಿ ಆರಿಸಿದೆ, ಆ ಪ್ರಶ್ನೆ ನನ್ನಲ್ಲೇ ಇರಲಿ. ವ್ಯಾನಿಗೆ ದಿನಕ್ಕೆ ಎಂಬತ್ತು ಬಿದ್ದಿತು, ಹತ್ತು ಹನ್ನೊಂದು ಜನ ಹಂಚಿಕೊಂಡರೆ ಭಾರವಲ್ಲ. ಬೆಂಗಳೂರಿನಿಂದ ಬೆಂಗಳೂರಿಗೆ, ವಿಮಾನ ಮತ್ತು ವೀಸಾ ಸೇರಿ, ತಲೆಗೆ ಎಂಬತ್ತು ಸಾವಿರ ರೂಪಾಯಿಯೊಳಗೆ ಮುಗಿಯಿತು. ಇದಕ್ಕಿಂತ ಕಡಿಮೆ ದಿನದ ಪ್ಯಾಕೇಜಿಗೆ ನಮ್ಮಲ್ಲಿ ಒಂದು ಲಕ್ಷ ಹೇಳುತ್ತಾರೆ.

ಡಾಲರ್ ನೋಟು ಹೊಸದಿರಲಿ, ಅಂಚು ಹರಿದಿದ್ದರೆ ಯಾರೂ ಮುಟ್ಟುವುದಿಲ್ಲ. ಚಿಲ್ಲರೆ ಅಲ್ಲಿನ ಹಣವಾದ ರಿಯಲ್‌ನಲ್ಲಿ ಬರುತ್ತದೆ, ಡಾಲರ್‌ಗೆ ನಾಲ್ಕು ಸಾವಿರ ಎಂದು ಲೆಕ್ಕ ಹಾಕಿ. ಸಸ್ಯಾಹಾರಿಗಳಿಗೆ ಸಿಯೆಮ್ ರೀಪ್‌ನಲ್ಲಿ ತೊಂದರೆಯಿಲ್ಲ, ಕೊಂಪೊಂಗ್ ಥೋಮ್‌ನಲ್ಲಿ ಮಾತ್ರ ತರಕಾರಿಗೂ ಮೀನಿನ ರಸ ಬೀಳುತ್ತದೆ. ಅದು ಬೇಡ ಎಂದು ಮಾರ್ಗದರ್ಶಿಯಿಂದ ಖ್ಮೇರ್ ಭಾಷೆಯಲ್ಲಿ ಒಂದು ಚೀಟಿ ಬರೆಸಿ ಎಲ್ಲರ ಜೇಬಿನಲ್ಲೂ ಇಟ್ಟಿದ್ದೆ, ಆ ರಾತ್ರಿಗೆಂದು ಅವಲಕ್ಕಿ ಮತ್ತು ಚಟ್ನಿಪುಡಿಯನ್ನೂ ಒಯ್ದಿದ್ದೆವು. ಮುಂದಿನ ಗುಂಪು ಹೊರಡುವುದು ಡಿಸೆಂಬರ್ ಅಥವಾ ಜನವರಿಯಲ್ಲಿ. ಆಗ ಬೆಂಗ್ ಮಿಯಾಲಿಯಾವನ್ನು ಅಂಗ್ಕೋರ್ ವಾಟ್‌ನ ಮರುದಿನವೇ ಸೇರಿಸಲಿದ್ದೇನೆ, ಅದಕ್ಕಾಗಿ ಇನ್ನೊಂದು ದಿನದ ವ್ಯಾನ್ ಬಾಡಿಗೆ ಕೊಡಲು ಹಳೆಯ ಗುಂಪಿನ ನಾಲ್ವರು ಈಗಲೇ ಒಪ್ಪಿದ್ದಾರೆ.